ಒಂದೇ ಆಲ್ಬಮ್, ಬೇರೆ ಬೇರೆ ಪಾಠ: ಅಪರೂಪದ ಹಿಪ್-ಹಾಪ್ ಆವೃತ್ತಿಗಳನ್ನು ಆನ್‌ಲೈನ್ ಸಂಗ್ರಹಗಳು ಉಳಿಸುವ ಬಗೆ

ಮಾವಿನಕೆರೆ ದಂಡೆ (ರಾಯಚೂರು)

ಎಲ್ಲರಿಗೂ ನಮಸ್ಕಾರ. ಕಳೆದ ತಿಂಗಳು ಮನೆಗೆ ಸುಣ್ಣ ಬಳಿಸುವಾಗ ಅಟ್ಟದ ಮೇಲಿದ್ದ ನಮ್ಮಣ್ಣನ ಟ್ರಂಕನ್ನು ಕೆಳಗಿಳಿಸಿದೆವು. ಅವನು 1997ರಿಂದ 2001ರವರೆಗೆ ಹೈದರಾಬಾದಿನಲ್ಲಿ ಓದುತ್ತಿದ್ದ, ಊರಿಗೆ ಬರುವಾಗಲೆಲ್ಲ ಆಬಿಡ್ಸ್ ಕಡೆಯ ಅಂಗಡಿಗಳಿಂದ ಒಂದೆರಡು ಕ್ಯಾಸೆಟ್ ತರುತ್ತಿದ್ದ. ಟ್ರಂಕಿನಲ್ಲಿ ನಲವತ್ತೊಂದು ಕ್ಯಾಸೆಟ್‌ಗಳಿವೆ. ಅವುಗಳಲ್ಲಿ ಹನ್ನೆರಡು ಅಮೆರಿಕದ ರ‍್ಯಾಪ್ ಆಲ್ಬಮ್‌ಗಳು, ನಮ್ಮ ದೇಶದಲ್ಲೇ ಮುದ್ರಿಸಿ ಮಾರಿದಂಥವು.

ಅವುಗಳಲ್ಲೊಂದನ್ನು ಹಾಕಿ ಕೇಳುತ್ತಿದ್ದಾಗ ಬಿ ಬದಿಯ ಮೂರನೆಯ ಹಾಡು ನನಗೆ ಗೊತ್ತಿದ್ದಂತೆ ಇರಲಿಲ್ಲ. ಫೋನಿನಲ್ಲಿ ಅದೇ ಆಲ್ಬಮ್ ತೆಗೆದು ಎರಡನ್ನೂ ಒಂದರ ಹಿಂದೊಂದು ಕೇಳಿದೆ. ಫೋನಿನಲ್ಲಿರುವ ಹಾಡಿನ ಹಿಂದೆ ಬೇರೆಯದೇ ರಾಗವಿದೆ, ಕ್ಯಾಸೆಟ್ಟಿನಲ್ಲಿ ಹಳೆಯ ಕಹಳೆಯ ಸ್ವರದಂಥದ್ದು ಮತ್ತೆ ಮತ್ತೆ ಬರುತ್ತದೆ. ಕ್ಯಾಸೆಟ್ಟಿನ ಇನ್ನೊಂದು ಹಾಡಿನಲ್ಲಿ ಎರಡು ಕಡೆ ಮಾತು ಒಮ್ಮೆಲೇ ನಿಂತು ತಾಳ ಮಾತ್ರ ಉಳಿಯುತ್ತದೆ. ಕೊನೆಯ ಹಾಡಂತೂ ಫೋನಿನಲ್ಲಿ ಇಲ್ಲವೇ ಇಲ್ಲ. ಆಲ್ಬಮ್‌ನ ಹೆಸರನ್ನು ಬೇಕೆಂದೇ ಇಲ್ಲಿ ಬರೆಯುತ್ತಿಲ್ಲ, ಬರೆದರೆ ಮಾತೆಲ್ಲ ಆ ಕಲಾವಿದರ ಕಡೆಗೆ ಹೊರಳುತ್ತದೆ.

ನನ್ನ ಪ್ರಶ್ನೆ ಇಷ್ಟು. ಇಂಥ ಬದಲಾದ ಪ್ರತಿಗಳನ್ನು ಆನ್‌ಲೈನ್ ಸಂಗ್ರಹಗಳು ಹೇಗೆ ಉಳಿಸಿಕೊಳ್ಳುತ್ತವೆ? ಇಲ್ಲಿಂದ ನಾನು ಮಾಡಬೇಕಾದ, ಮಾಡಬಾರದ ಕೆಲಸಗಳೇನು? ಅಣ್ಣ ಈಗ ನಮ್ಮೊಂದಿಗಿಲ್ಲ. ಅವನು ಜೋಪಾನ ಮಾಡಿಟ್ಟದ್ದನ್ನು ನಾನು ಅವಸರ ಮಾಡಿ ಕೆಡಿಸಬಾರದೆಂದು ಕೇಳುತ್ತಿದ್ದೇನೆ.

ಕೌಲ್ ಬಜಾರ್ ಕೇಳುಗ (ಬಳ್ಳಾರಿ)

ಸರ್, ನಿಮ್ಮ ಕಿವಿ ಮೋಸ ಹೋಗಿಲ್ಲ. ಹಿಪ್-ಹಾಪ್‌ನಲ್ಲಿ ಒಂದೇ ಹೆಸರಿನ ಆಲ್ಬಮ್ ಹಲವು ರೂಪಗಳಲ್ಲಿ ಇರುವುದಕ್ಕೆ ಆ ಸಂಗೀತವನ್ನು ಕಟ್ಟುವ ಬಗೆಯೇ ಕಾರಣ. 1970ರ ದಶಕದಲ್ಲಿ ನ್ಯೂಯಾರ್ಕಿನ ಬ್ರಾಂಕ್ಸ್‌ನಲ್ಲಿ ಕೂಲ್ ಹರ್ಕ್ ಅವರಂಥ ಡಿಜೆಗಳು ಒಂದೇ ಗ್ರಾಮಫೋನ್ ತಟ್ಟೆಯ ಎರಡು ಪ್ರತಿಗಳನ್ನು ಅಕ್ಕಪಕ್ಕದ ಎರಡು ಯಂತ್ರಗಳ ಮೇಲಿಟ್ಟು, ಹಾಡಿನ ನಡುವೆ ಬರೀ ತಾಳವಾದ್ಯ ನುಡಿಯುವ ತುಣುಕನ್ನು ಮತ್ತೆ ಮತ್ತೆ ನುಡಿಸಿ ಉದ್ದ ಮಾಡುತ್ತಿದ್ದರು. ಮುಂದೆ ಯಂತ್ರಗಳು ಬಂದ ಮೇಲೆ ಆ ತುಣುಕನ್ನು ಕತ್ತರಿಸಿ ಹೊಸ ಹಾಡಿನೊಳಗೆ ಕೂಡಿಸುವುದು ರೂಢಿಯಾಯಿತು. ಅದೇ ಸ್ಯಾಂಪಲ್. ಅಂದರೆ ಒಂದು ಹಾಡಿನ ಹೊಟ್ಟೆಯೊಳಗೆ ಇನ್ನೊಬ್ಬರ ಹಾಡಿರುತ್ತದೆ, ಅವರ ಒಪ್ಪಿಗೆ ಸಿಗದಿದ್ದರೆ ಅಥವಾ ಒಪ್ಪಿಗೆಯ ಮಾತು ಕೆಟ್ಟರೆ ಆ ಹಾಡು ಬದಲಾಗಬೇಕಾಗುತ್ತದೆ.

1991ರ ಡಿಸೆಂಬರಿನಲ್ಲಿ ರ‍್ಯಾಪರ್ ಬಿಜ್ ಮಾರ್ಕಿ ಅವರ ವಿರುದ್ಧ ಬಂದ ತೀರ್ಪು ಇಲ್ಲಿ ದೊಡ್ಡ ತಿರುವು. ಗಿಲ್ಬರ್ಟ್ ಓ'ಸಲಿವನ್ ಅವರ ಹಾಡಿನ ತುಣುಕನ್ನು ಅನುಮತಿಯಿಲ್ಲದೆ ಬಳಸಿದ್ದಕ್ಕೆ ಆ ಹಾಡಿನ ಮಾರಾಟವನ್ನೇ ನ್ಯಾಯಾಲಯ ತಡೆಯಿತು, ಆಲ್ಬಮ್ ಅಂಗಡಿಗಳಿಂದ ಹಿಂದಕ್ಕೆ ಹೋಯಿತು. ಡಿ ಲಾ ಸೋಲ್ ತಂಡದ ಮೊದಲ ಆಲ್ಬಮ್ 1989ರದು. ಅವರ ಹಳೆಯ ಆಲ್ಬಮ್‌ಗಳು ಸ್ಟ್ರೀಮಿಂಗ್‌ಗೆ ಬಂದದ್ದು 2023ರ ಮಾರ್ಚಿನಲ್ಲಿ, ತಂಡದ ಟ್ರುಗಾಯ್ ತೀರಿಕೊಂಡ ಕೆಲವೇ ವಾರಗಳ ನಂತರ. ಅಷ್ಟು ವರ್ಷಗಳ ಕಾಲ ಆ ಹಾಡುಗಳನ್ನು ಜೀವಂತವಾಗಿಟ್ಟದ್ದು ಹಳೆಯ ತಟ್ಟೆ, ಸಿಡಿ, ಕ್ಯಾಸೆಟ್‌ಗಳೇ. ನಟೋರಿಯಸ್ ಬಿ.ಐ.ಜಿ. ಅವರ 1994ರ ಮೊದಲ ಆಲ್ಬಮ್‌ನ ಶೀರ್ಷಿಕೆ ಹಾಡಿನಲ್ಲಿ ಓಹಾಯೊ ಪ್ಲೇಯರ್ಸ್ ತಂಡದ ತುಣುಕೊಂದಿತ್ತು. 2006ರಲ್ಲಿ ನ್ಯಾಯಾಲಯ ಮಾರಾಟಕ್ಕೆ ತಡೆ ಕೊಟ್ಟ ಮೇಲೆ ಬಂದ ಮುದ್ರಣಗಳಲ್ಲಿ ಆ ತುಣುಕಿಲ್ಲ. ಹಾಡು ಮೊದಲಿಗೆ ಹೇಗಿತ್ತೆಂದು ಕೇಳಬೇಕಾದರೆ ಹಳೆಯ ಪ್ರತಿಯನ್ನೇ ಹುಡುಕಬೇಕು. ನಿಮ್ಮ ಕಹಳೆಯ ಸ್ವರದ ಕಥೆಯೂ ಬಹುಶಃ ಇದೇ ಜಾತಿಯದು.

ನಮ್ಮ ದೇಶಕ್ಕೆ ತಾಗಿದ ಒಂದು ಪ್ರಕರಣವನ್ನು ಹೇಳಲೇಬೇಕು. 2002ರಲ್ಲಿ ಟ್ರೂತ್ ಹರ್ಟ್ಸ್ ಎಂಬ ಗಾಯಕಿಯ ಹಾಡೊಂದು ಅಮೆರಿಕದಲ್ಲಿ ಬಹಳ ಓಡಿತು. ಅದರಲ್ಲಿ ರಾಕಿಮ್ ಅವರ ರ‍್ಯಾಪ್ ಇತ್ತು, ಹಿಂದಿನಿಂದ ಕೇಳಿಬರುತ್ತಿದ್ದುದು ಲತಾ ಮಂಗೇಶ್ಕರ್ ಅವರ ಕಂಠ! ಬಪ್ಪಿ ಲಾಹಿರಿ ಸಂಗೀತ ನೀಡಿದ ‘ಜ್ಯೋತಿ’ ಚಿತ್ರದ ಹಾಡನ್ನು ಹಾಗೇ ಎತ್ತಿ ಬಳಸಲಾಗಿತ್ತು. ಪ್ರಕರಣ ನ್ಯಾಯಾಲಯಕ್ಕೆ ಹೋಯಿತು, ಲಾಹಿರಿ ಅವರ ಹೆಸರಿಲ್ಲದ ಪ್ರತಿಗಳನ್ನು ಇನ್ನು ಮುಂದೆ ಮಾರಕೂಡದೆಂದು 2003ರಲ್ಲಿ ಆದೇಶವಾಯಿತು. ಧ್ವನಿಯ ದೃಷ್ಟಿಯಿಂದ ಹೆಸರಿಲ್ಲದ ಪ್ರತಿಗೂ ಹೆಸರಿರುವ ಪ್ರತಿಗೂ ಭೇದವಿಲ್ಲ, ಆದರೆ ಚರಿತ್ರೆಯ ದೃಷ್ಟಿಯಿಂದ ಅವೆರಡೂ ಒಂದೇ ಅಲ್ಲ. ಬರೀ ಹಾಡಿನ ಫೈಲನ್ನು ಮಾತ್ರ ಇಟ್ಟುಕೊಂಡ ಸಂಗ್ರಹದಲ್ಲಿ ಈ ಜಗಳದ ಗುರುತೇ ಉಳಿಯುವುದಿಲ್ಲ.

ಇನ್ನು ಮಾತು ನಿಂತು ತಾಳ ಮಾತ್ರ ಉಳಿಯುವ ಜಾಗಗಳು. ಅದು ಬೈಗುಳ ತೆಗೆದ ‘ಕ್ಲೀನ್’ ಆವೃತ್ತಿಯ ಲಕ್ಷಣ. ರೇಡಿಯೊಗೆಂದೂ ಕೆಲವು ದೊಡ್ಡ ಅಂಗಡಿಗಳಿಗೆಂದೂ ಅಂಥದ್ದನ್ನು ಬೇರೆಯಾಗಿ ತಯಾರಿಸುತ್ತಿದ್ದರು.

ಗೋರೆಬಾಳ ಕ್ಯಾಂಪ್ (ಸಿಂಧನೂರು)

ಇಷ್ಟೆಲ್ಲ ಓದಿದ ಮೇಲೂ ನನಗೊಂದು ಸಂಶಯ ಉಳಿದಿದೆ, ತಪ್ಪು ತಿಳಿಯಬೇಡಿ. ಕಲಾವಿದರು ಅಥವಾ ಕಂಪನಿಯವರು ಕೊನೆಗೆ ಇದೇ ಸರಿಯೆಂದು ಒಪ್ಪಿ ಹೊರಬಿಟ್ಟ ರೂಪವೇ ಆಲ್ಬಮ್ ಅಲ್ಲವೇ? ಕಾನ್ಯೆ ವೆಸ್ಟ್ 2016ರ ಫೆಬ್ರವರಿಯಲ್ಲಿ ಹೊರತಂದ ಆಲ್ಬಮ್ಮನ್ನು ಸ್ಟ್ರೀಮಿಂಗ್‌ನಲ್ಲೇ ತಿಂಗಳುಗಟ್ಟಲೆ ತಿದ್ದುತ್ತಾ ಹೋದರು. ಒಂದು ಹಾಡನ್ನು ಎರಡಾಗಿ ಒಡೆದರು, ಜೂನ್ ತಿಂಗಳಲ್ಲಿ ಕೊನೆಗೊಂದು ಹೊಸ ಹಾಡು ಸೇರಿಸಿದರು. ಬರೆದವರೇ ತಿದ್ದಿದ ಮೇಲೆ ಕರಡನ್ನು ಹಿಡಿದುಕೊಂಡು ಕೂರುವುದರಲ್ಲಿ ಏನರ್ಥ? ಕರಡನ್ನು ಪ್ರಕಟಿಸುವುದು ಅವರಿಗೆ ಮಾಡುವ ಅನ್ಯಾಯವೂ ಆಗಬಹುದು.

ಓಲೆಗರಿ (ಕೊಪ್ಪಳ)

ಗೋರೆಬಾಳದ ಸರ್ ಕೇಳಿದ ಪ್ರಶ್ನೆ ಹಗುರವಾದುದಲ್ಲ. ನಾನು ಗ್ರಂಥಾಲಯದಲ್ಲಿ ಕೆಲಸ ಮಾಡುವವಳು, ಹಿಪ್-ಹಾಪ್ ಕೇಳಲು ಶುರುಮಾಡಿದ್ದು ಮಗನಿಂದ. ಆದ್ದರಿಂದ ನನ್ನ ಕಸುಬಿನ ಕಡೆಯಿಂದ ಉತ್ತರ ಹೇಳುತ್ತೇನೆ.

ನಮ್ಮ ಮೂರೂ ಜಿಲ್ಲೆಗಳ ಬಂಡೆಗಳ ಮೇಲೆ ಅಶೋಕನ ಒಂದೇ ಕಿರು ಶಾಸನದ ಪ್ರತಿಗಳಿವೆ. ಕೊಪ್ಪಳದಲ್ಲಿ ಗವಿಮಠ ಮತ್ತು ಪಾಲ್ಕಿಗುಂಡು, ರಾಯಚೂರು ಜಿಲ್ಲೆಯಲ್ಲಿ ಮಸ್ಕಿ, ಬಳ್ಳಾರಿ ಜಿಲ್ಲೆಯ ಸಿರುಗುಪ್ಪ ಸೀಮೆಯಲ್ಲಿ ನಿಟ್ಟೂರು ಮತ್ತು ಉಡೇಗೋಳ. ಹೇಳುವ ವಿಷಯ ಹೆಚ್ಚುಕಡಿಮೆ ಒಂದೇ. ಒಂದನ್ನು ಓದಿಯಾಗಿದೆ, ಉಳಿದವು ಯಾಕೆ ಬೇಕು ಎಂದು ಯಾರಾದರೂ ಕೇಳಿದ್ದರೆ ಅದು ನ್ಯಾಯವಾಗಿಯೇ ಕಾಣುತ್ತಿತ್ತು. ಆದರೆ ಬೇರೆ ಕಡೆಗಳಲ್ಲಿ ಅರಸನನ್ನು ‘ದೇವಾನಾಂಪ್ರಿಯ’ ಎಂದಷ್ಟೇ ಕರೆದಿದ್ದಾಗ, 1915ರಲ್ಲಿ ಮಸ್ಕಿಯಲ್ಲಿ ಸಿಕ್ಕ ಪ್ರತಿಯಲ್ಲಿ ‘ಅಶೋಕ’ ಎಂಬ ಹೆಸರೇ ಇತ್ತು. ಶಾಸನಗಳ ದೇವಾನಾಂಪ್ರಿಯನೂ ಗ್ರಂಥಗಳ ಅಶೋಕನೂ ಒಬ್ಬನೇ ಎಂಬುದು ಗಟ್ಟಿಯಾದದ್ದು ಆ ಒಂದು ಪಾಠಾಂತರದಿಂದ, ಅಂದರೆ ಪ್ರತಿಯಿಂದ ಪ್ರತಿಗೆ ಬದಲಾದ ಮಾತಿನಿಂದ. ನಿಟ್ಟೂರು, ಉಡೇಗೋಳದ ಪ್ರತಿಗಳಲ್ಲೂ ಆ ಹೆಸರಿರುವುದು ಆಮೇಲೆ ತಿಳಿಯಿತು.

ಕನ್ನಡದಲ್ಲಿ ಹಳಗನ್ನಡ ಕಾವ್ಯಗಳನ್ನು ಸಂಪಾದಿಸಿದವರು ಇದನ್ನು ಬಹಳ ಹಿಂದೆಯೇ ಅರಿತಿದ್ದರು. ನಾಲ್ಕು ಓಲೆಗರಿ ಪ್ರತಿಗಳು ಸಿಕ್ಕರೆ ಒಂದನ್ನು ಇಟ್ಟುಕೊಂಡು ಮೂರನ್ನು ಬಿಸಾಡಲಿಲ್ಲ. ಒಂದು ಪಾಠವನ್ನು ಮೇಲೆ ಅಚ್ಚು ಹಾಕಿ, ಉಳಿದ ಪ್ರತಿಗಳಲ್ಲಿ ಏನಿದೆ ಎಂಬುದನ್ನು ಅಡಿಯಲ್ಲಿ ಕೊಟ್ಟರು, ಯಾವ ಪ್ರತಿ ಎಲ್ಲಿ ಸಿಕ್ಕಿತು, ಎಷ್ಟು ಗರಿಗಳಿವೆ, ಎಲ್ಲಿ ಹುಳು ತಿಂದಿದೆ ಎಂಬುದನ್ನು ಮುನ್ನುಡಿಯಲ್ಲಿ ಬರೆದರು. ಒಳ್ಳೆಯ ಸಂಗೀತ ಸಂಗ್ರಹ ಮಾಡುವುದೂ ಇದೇ ಕೆಲಸ.

ಆನ್‌ಲೈನ್‌ನಲ್ಲಿ ಎರಡು ಬಗೆಯ ಸಂಗ್ರಹಗಳಿವೆ, ಅವುಗಳನ್ನು ಕಲಸಬಾರದು. ಒಂದು ವಿವರವನ್ನು ಕಾಯುವಂಥದ್ದು. 2000ದಲ್ಲಿ ಆರಂಭವಾದ ಡಿಸ್ಕಾಗ್ಸ್ ಅಂಥದ್ದು, ಅಲ್ಲಿ ಹಾಡು ಇರುವುದಿಲ್ಲ. ಆದರೆ ಒಂದು ಆಲ್ಬಮ್‌ನ ಹೆಸರಿನಡಿ ಪ್ರತಿಯೊಂದು ಮುದ್ರಣಕ್ಕೂ ಪ್ರತ್ಯೇಕ ಪುಟವಿರುತ್ತದೆ: ಯಾವ ದೇಶದ್ದು, ಕಂಪನಿಯ ಕ್ರಮಸಂಖ್ಯೆ ಎಷ್ಟು, ಬಾರ್‌ಕೋಡ್ ಇದೆಯೇ, ಗ್ರಾಮಫೋನ್ ತಟ್ಟೆಯಾದರೆ ಕೊನೆಯ ಗೆರೆಗಳ ನಡುವಿನ ಖಾಲಿ ಜಾಗದಲ್ಲಿ ಏನು ಕೆತ್ತಿದ್ದಾರೆ, ಸಿಡಿಯಾದರೆ ಒಳಬಳೆಯಲ್ಲಿ ಯಾವ ಅಕ್ಷರಗಳಿವೆ. ಒಂದೇ ಕವರ್ ಹೊತ್ತ ಎರಡು ಸಿಡಿಗಳು ಬೇರೆ ಬೇರೆ ಮುದ್ರಣಗಳೆಂದು ತಿಳಿಯುವುದು ಬಹಳ ಸಲ ಆ ಒಳಬಳೆಯಿಂದಲೇ. ಇನ್ನೊಂದು ಬಗೆ ಧ್ವನಿಯನ್ನೇ ಕಾಯುವಂಥದ್ದು, 1996ರಲ್ಲಿ ಬ್ರೂಸ್ಟರ್ ಕೇಲ್ ಸ್ಥಾಪಿಸಿದ ಇಂಟರ್‌ನೆಟ್ ಆರ್ಕೈವ್‌ನಂತೆ. ಧ್ವನಿಯಿದ್ದು ವಿವರವಿಲ್ಲದಿದ್ದರೆ ಅದು ಹೆಸರು ಅಳಿಸಿದ ವೀರಗಲ್ಲು. ವಿವರವಿದ್ದು ಧ್ವನಿಯಿಲ್ಲದಿದ್ದರೆ ಬರೀ ಹೆಸರು ಉಳಿದ ಕಾವ್ಯ. ಎರಡೂ ಒಂದರ ಕಡೆಗೊಂದು ಕೈತೋರಿಸುವಂತಿರಬೇಕು.

ಆದ್ದರಿಂದ, ಗೋರೆಬಾಳದ ಸರ್, ಕವಿಯೇ ತಿದ್ದಿದ್ದರೂ ಮೊದಲಿನ ಪಾಠವನ್ನು ಉಳಿಸುವುದು ಕವಿಗೆ ಅನ್ಯಾಯವಲ್ಲ, ‘ಇದು ಮೊದಲಿನದು, ಇದು ತಿದ್ದಿದ್ದು’ ಎಂದು ಬರೆಯದೇ ಎರಡನ್ನೂ ಕಲಸಿಡುವುದು ಅನ್ಯಾಯ. ನೀವು ಕೊಟ್ಟ ಉದಾಹರಣೆಯಲ್ಲೇ ನೋಡಿ, ಸ್ಟ್ರೀಮಿಂಗ್‌ನಲ್ಲಿ ಹಳೆಯದು ಹೋಗಿ ಹೊಸದು ಅದೇ ಜಾಗದಲ್ಲಿ ಕೂತಿತು, ಮೊದಲ ವಾರ ಜನ ಕೇಳಿದ್ದು ಏನೆಂಬುದು ಅವರವರೇ ಇಳಿಸಿಟ್ಟುಕೊಂಡ ಫೈಲುಗಳಲ್ಲಿ ಮಾತ್ರ ಉಳಿಯಿತು.

ಮಾವಿನಕೆರೆ ದಂಡೆ (ರಾಯಚೂರು)

ಅಕ್ಕಾವ್ರೇ, ನಾನು ಮಸ್ಕಿಯ ಕಡೆಯವನೇ. ಆ ಬಂಡೆಯ ಹತ್ತಿರ ಆಡಿ ಬೆಳೆದೆ, ಆದರೆ ಅದು ಇಂಥ ಮಾತಿಗೆ ಹೀಗೆ ಒದಗುತ್ತದೆಂದು ಹೊಳೆದಿರಲಿಲ್ಲ. ಇವತ್ತು ಸಂಜೆ ಕ್ಯಾಸೆಟ್ಟನ್ನು ಕಿಟಕಿಯ ಬೆಳಕಿನಲ್ಲಿ ಹಿಡಿದು ಸರಿಯಾಗಿ ನೋಡಿದೆ. ಬಿಳಿಯ ಡಬ್ಬಿ, ಹಾಡುಗಳ ಪಟ್ಟಿಯನ್ನು ನೀಲಿ ಮಸಿಯಲ್ಲಿ ನೇರವಾಗಿ ಡಬ್ಬಿಯ ಮೇಲೇ ಅಚ್ಚು ಹಾಕಿದ್ದಾರೆ. ಒಳಹಾಳೆಯ ಮಡಿಕೆಯಲ್ಲಿ ಬೆಲೆ, ಭಾರತದಲ್ಲಿ ಮಾತ್ರ ಮಾರಾಟಕ್ಕೆ ಎಂಬ ಸಾಲು, ಕ್ರಮಸಂಖ್ಯೆ, ಕೆಳಗೆ ಅಣ್ಣನ ಸಹಿ ಮತ್ತು ತಾರೀಖು. ಟೇಪು ತಲೆಗೆ ತಾಗುವ ಕಿಂಡಿಯಲ್ಲಿ ಇರಬೇಕಾದ ಪುಟ್ಟ ಉಣ್ಣೆಯ ಚೌಕ ಅಂಟು ಬಿಟ್ಟು ಓರೆಯಾಗಿ ಕೂತಿದೆ. ಟೇಪಿನ ಅಂಚಿನಲ್ಲಿ ಅಲ್ಲಲ್ಲಿ ಬಿಳಿಯ ಪುಡಿ. ಇನ್ನೊಮ್ಮೆ ಹಾಕಿ ಕೇಳಲು ಧೈರ್ಯ ಬರುತ್ತಿಲ್ಲ.

ಹಳೇ ಡೆಕ್ (ಗಂಗಾವತಿ)

ತಮ್ಮಾ, ದಯವಿಟ್ಟು ಹಾಕಲೇಬೇಡ. ಮೂವತ್ತು ವರ್ಷ ರೇಡಿಯೊ, ಟೇಪ್‌ರೆಕಾರ್ಡರ್ ರಿಪೇರಿ ಮಾಡಿದ ಅನುಭವದಿಂದ ಹೇಳುತ್ತಿದ್ದೇನೆ.

ಆ ಉಣ್ಣೆಯ ಚೌಕವೇ ಪ್ರೆಶರ್ ಪ್ಯಾಡ್. ಅದು ಟೇಪನ್ನು ಹೆಡ್ಡಿಗೆ ಒತ್ತಿ ಹಿಡಿಯುತ್ತದೆ, ಅದಿಲ್ಲದಿದ್ದರೆ ಧ್ವನಿ ಮಬ್ಬಾಗುತ್ತದೆ, ಒಮ್ಮೆ ಬಂದು ಒಮ್ಮೆ ಹೋಗುತ್ತದೆ. ನಿನ್ನ ಡಬ್ಬಿಗೆ ಐದು ಸ್ಕ್ರೂ ಇದ್ದರೆ ಪುಣ್ಯ. ಬಿಚ್ಚಿ, ಒಳಗಿನ ಎರಡು ಸುರುಳಿಗಳನ್ನು ಮೆಲ್ಲಗೆ ಎತ್ತಿ, ಹೊಸ ಖಾಲಿ ಕ್ಯಾಸೆಟ್ಟಿನ ಒಳ್ಳೆಯ ಡಬ್ಬಿಗೆ ವರ್ಗಾಯಿಸಬಹುದು. ಸ್ಕ್ರೂ ಇಲ್ಲದೆ ಅಂಟಿಸಿದ ಡಬ್ಬಿಯಾದರೆ ಸಂದಿಯಲ್ಲಿ ಬ್ಲೇಡು ಹಾಕಿ ಬಿಡಿಸಬೇಕು, ಅದನ್ನು ಕೈ ಪಳಗಿದವರಿಗೆ ಬಿಡು. ಹಳೆಯ ಡಬ್ಬಿಯನ್ನು ಎಸೆಯಬೇಡ, ಅದರ ಮೇಲಿನ ಅಚ್ಚೂ ದಾಖಲೆಯೇ. ಬಿಳಿಯ ಪುಡಿ ಬೂಸ್ಟು. ನಮ್ಮ ಸೀಮೆಯ ಬಿಸಿಲಿಗಿಂತ ಮಳೆಗಾಲದಲ್ಲಿ ಮುಚ್ಚಿದ ಟ್ರಂಕು ಅದಕ್ಕೆ ಹೆಚ್ಚು ಹಿತ. ಬೂಸ್ಟು ಹಿಡಿದ ಟೇಪನ್ನು ಒಳ್ಳೆಯ ಡೆಕ್ಕಿನಲ್ಲಿ ಹಾಕಿದರೆ ಅದು ಹೆಡ್ಡಿಗೆ ಅಂಟಿ ಮುಂದಿನ ಟೇಪಿಗೂ ಹತ್ತುತ್ತದೆ. ಒಣ ಮೆತ್ತನೆಯ ಬಟ್ಟೆಯಿಂದ ಸುರುಳಿಯ ಅಂಚನ್ನು ಒರೆಸಿ, ಮೂಗಿಗೆ ಬಟ್ಟೆ ಕಟ್ಟಿಕೊಂಡು ಕೆಲಸ ಮಾಡು.

ಆಮೇಲೆ ಡೆಕ್ಕು. ಹೆಡ್ಡು, ರಬ್ಬರ್ ಗಾಲಿಗಳನ್ನು ಸ್ಪಿರಿಟಿನಿಂದ ಒರೆಸು. ಹೆಡ್ಡಿನ ಪಕ್ಕದಲ್ಲಿ ಸ್ಪ್ರಿಂಗ್ ಇರುವ ಒಂದು ಚಿಕ್ಕ ಸ್ಕ್ರೂ ಇರುತ್ತದೆ, ಅದು ಹೆಡ್ಡಿನ ಓರೆಯನ್ನು ಸರಿಮಾಡುವುದಕ್ಕೆ. ಟೇಪು ಓಡುತ್ತಿರುವಾಗ ಎಡ ಬಲ ಎರಡೂ ಧ್ವನಿಗಳನ್ನು ಒಂದುಗೂಡಿಸಿ ಕೇಳುತ್ತಾ ಆ ಸ್ಕ್ರೂವನ್ನು ಕೂದಲೆಳೆಯಷ್ಟು ತಿರುಗಿಸಿದರೆ, ಒಂದು ಜಾಗದಲ್ಲಿ ಜಾಂಗಟೆಯಂಥ ತೀಕ್ಷ್ಣ ಸದ್ದುಗಳೆಲ್ಲ ಮೋಡ ಸರಿದಂತೆ ತಿಳಿಯಾಗುತ್ತವೆ. ಅಲ್ಲಿ ನಿಲ್ಲಿಸು. ಪ್ರತಿ ಕ್ಯಾಸೆಟ್ಟಿಗೂ ಈ ಜಾಗ ಬೇರೆ. ಇಷ್ಟನ್ನು ಮಾಡದೆ ಎಷ್ಟು ದುಬಾರಿ ಕಂಪ್ಯೂಟರ್ ಇಟ್ಟುಕೊಂಡರೂ ಪ್ರಯೋಜನವಿಲ್ಲ, ಟೇಪಿನಲ್ಲಿದ್ದದ್ದು ಟೇಪಿನಲ್ಲೇ ಉಳಿಯುತ್ತದೆ.

ಕಂಪ್ಯೂಟರಿಗೆ ಇಳಿಸುವಾಗ ಒಂದು ಬದಿಯನ್ನು ಒಂದೇ ಫೈಲಾಗಿ, ಶುರುವಿನ ಮೌನದಿಂದ ಕೊನೆಯ ಮೌನದವರೆಗೆ, 24 ಬಿಟ್‌ನಲ್ಲಿ ಇಳಿಸು. ಹಿಸ್ ಸದ್ದನ್ನು ತೆಗೆಯುವ ಆಸೆ ಬೇಡ, ಅದರ ಜೊತೆ ಹಾಡಿನ ತಿರುಳೂ ಹೋಗುತ್ತದೆ. ಶುದ್ಧಿ ಮಾಡುವುದಿದ್ದರೆ ನಕಲಿನ ಮೇಲೆ ಮಾಡು.

ವೇಗದ ಬಗ್ಗೆ ಒಂದು ಮಾತು. ಕ್ಯಾಸೆಟ್ಟಿನ ನಿಗದಿತ ವೇಗ ಸೆಕೆಂಡಿಗೆ 4.76 ಸೆಂಟಿಮೀಟರ್. ಬೆಲ್ಟು ಸಡಿಲವಾದರೆ ಹಾಡು ನಿಧಾನವಾಗುತ್ತದೆ, ಅದನ್ನು ಸರಿಪಡಿಸುವುದು ನಮ್ಮ ಕೆಲಸ. ಆದರೆ ಹ್ಯೂಸ್ಟನ್‌ನ ಡಿಜೆ ಸ್ಕ್ರೂ ಎಂಬವರು 1990ರ ದಶಕದಲ್ಲಿ ಹಾಡುಗಳನ್ನು ಬೇಕೆಂದೇ ನಿಧಾನಗೊಳಿಸಿ, ತುಂಡರಿಸಿ, ಕ್ಯಾಸೆಟ್ಟಿನಲ್ಲಿ ತುಂಬಿ ಮಾರುತ್ತಿದ್ದರು. ಅವರ ಕ್ಯಾಸೆಟ್ಟು ಯಾರೋ ತಿಳಿಯದ ರಿಪೇರಿಯವನ ಕೈಗೆ ಸಿಕ್ಕು ‘ವೇಗ ಸರಿಯಿಲ್ಲ’ ಎಂದು ಸರಿಮಾಡಿದರೆ ಕಲೆಯೇ ಹೋಯಿತು. ಅವರು 2000ದಲ್ಲಿ ತೀರಿಕೊಂಡರು, ಅವರ ತಟ್ಟೆಗಳ ದೊಡ್ಡ ಸಂಗ್ರಹ ಈಗ ಹ್ಯೂಸ್ಟನ್ ವಿಶ್ವವಿದ್ಯಾಲಯದ ಗ್ರಂಥಾಲಯದಲ್ಲಿದೆ. ಯಾವುದು ದೋಷ, ಯಾವುದು ಉದ್ದೇಶ ಎಂಬುದನ್ನು ತಿಳಿದ ಮೇಲೆಯೇ ಸ್ಕ್ರೂಡ್ರೈವರ್ ಎತ್ತಬೇಕು.

ಕೌಲ್ ಬಜಾರ್ ಕೇಳುಗ (ಬಳ್ಳಾರಿ)

ಡೆಕ್ ಸರ್ ಹೇಳಿದ್ದಕ್ಕೆ ಫೈಲಿನ ಕಡೆಯಿಂದ ಸ್ವಲ್ಪ ಸೇರಿಸುತ್ತೇನೆ. ಇಳಿಸಿದ ಧ್ವನಿಯನ್ನು ಫ್ಲ್ಯಾಕ್ ರೂಪದಲ್ಲಿ ಇಡುವುದು ಸಂಗ್ರಹಕಾರರ ರೂಢಿ. ಅದು ಗಾತ್ರವನ್ನು ಇಳಿಸುತ್ತದೆಯೇ ಹೊರತು ಧ್ವನಿಯಲ್ಲಿ ಏನನ್ನೂ ಬಿಡುವುದಿಲ್ಲ, ಮೇಲಾಗಿ ಫೈಲಿನೊಳಗೇ ತಾಳೆ ನೋಡುವ ಒಂದು ಸಂಖ್ಯೆಯನ್ನು ಬರೆದಿಟ್ಟುಕೊಳ್ಳುತ್ತದೆ. ಹತ್ತು ವರ್ಷದ ನಂತರ ಒಂದು ಅಕ್ಷರದಷ್ಟು ಕೆಟ್ಟರೂ ಆ ಸಂಖ್ಯೆ ಹೊಂದುವುದಿಲ್ಲ, ಕೆಟ್ಟಿದೆ ಎಂದು ಗೊತ್ತಾಗುತ್ತದೆ. ಇಂಟರ್‌ನೆಟ್ ಆರ್ಕೈವ್‌ಗೆ ಫ್ಲ್ಯಾಕ್ ಕೊಟ್ಟರೆ ಕೇಳಲು ಅನುಕೂಲವಾಗುವ ಎಂಪಿ3 ಪ್ರತಿಯನ್ನು ಅದೇ ತಯಾರಿಸಿಕೊಳ್ಳುತ್ತದೆ, ಮೂಲವನ್ನು ಮುಟ್ಟುವುದಿಲ್ಲ.

ಸಿಡಿಯ ವಿಷಯದಲ್ಲಿ ಇನ್ನೂ ಕಟ್ಟುನಿಟ್ಟು. ಎಕ್ಸಾಕ್ಟ್ ಆಡಿಯೊ ಕಾಪಿ ಎಂಬ ತಂತ್ರಾಂಶ ಸಿಡಿಯಿಂದ ಓದಿದ್ದರ ವರದಿಯನ್ನು ಬರೆದಿಡುತ್ತದೆ, ಬೇರೆ ಊರಿನಲ್ಲಿ ಬೇರೆಯವರು ಅದೇ ಮುದ್ರಣದ ಸಿಡಿಯಿಂದ ಪಡೆದ ಫಲಿತಾಂಶದೊಂದಿಗೆ ತಾಳೆ ನೋಡಬಹುದು. ಮೋಸದ ಫೈಲುಗಳೂ ಇವೆ. 128 ಕೆಬಿಪಿಎಸ್‌ನ, ಅಂದರೆ ಗಾತ್ರ ಕುಗ್ಗಿಸುವಾಗ ಧ್ವನಿಯ ಒಂದಿಷ್ಟನ್ನು ಕಳೆದುಕೊಂಡ ಎಂಪಿ3ಯನ್ನು ಫ್ಲ್ಯಾಕ್‌ಗೆ ಬದಲಾಯಿಸಿ ‘ಅಪರೂಪದ ಮೂಲಪ್ರತಿ’ ಎಂದು ಕೊಡುವವರಿದ್ದಾರೆ. ಅಂಥದರ ಧ್ವನಿಪಟವನ್ನು (ಯಾವ ಎತ್ತರದ ಸ್ವರ ಎಷ್ಟಿದೆ ಎಂದು ತೋರಿಸುವ ಚಿತ್ರ) ತೆಗೆದು ನೋಡಿದರೆ ಸಾಮಾನ್ಯವಾಗಿ 16 ಕಿಲೋಹರ್ಟ್ಸ್‌ನ ಮೇಲೆ ಗರಗಸದಿಂದ ಕೊಯ್ದಂತೆ ಎಲ್ಲವೂ ಖಾಲಿ ಇರುತ್ತದೆ.

ಟ್ಯಾಂಕ್ ಬಂಡ್ ರೋಡ್ (ಬಳ್ಳಾರಿ)

ನಾನು ಇಲ್ಲಿ ಎಲ್ಲರಿಗಿಂತ ಚಿಕ್ಕವನು. ಕ್ಯಾಸೆಟ್ಟೇ ಇಲ್ಲದ ಆಲ್ಬಮ್‌ಗಳ ಗತಿಯ ಬಗ್ಗೆ ಒಂದೆರಡು ಮಾತು ಹೇಳಬೇಕೆನಿಸಿತು. ಹಿಪ್-ಹಾಪ್‌ನಲ್ಲಿ ಮಿಕ್ಸ್‌ಟೇಪ್ ಎಂಬ ದೊಡ್ಡ ಭಾಗವಿದೆ, ಕಂಪನಿಯ ಹಂಗಿಲ್ಲದೆ ಉಚಿತವಾಗಿ ಹೊರಬಂದ ಆಲ್ಬಮ್‌ಗಳು. 2005ರಲ್ಲಿ ಶುರುವಾದ ಡ್ಯಾಟ್‌ಪಿಫ್ ಎಂಬ ತಾಣ ಅವುಗಳ ದೊಡ್ಡ ಕಣಜವಾಗಿತ್ತು. ಅದು ಬಾಗಿಲು ಹಾಕುವ ಹೊತ್ತಿಗೆ, 2023ರಲ್ಲಿ, ಮೂರು ಲಕ್ಷಕ್ಕೂ ಹೆಚ್ಚು ಮಿಕ್ಸ್‌ಟೇಪ್‌ಗಳು ಇಂಟರ್‌ನೆಟ್ ಆರ್ಕೈವ್‌ಗೆ ಸೇರಿದವು. ಹಾಗಾಗದಿದ್ದರೆ ಏನಾಗುತ್ತಿತ್ತು ಎಂಬುದಕ್ಕೆ ಮೈಸ್ಪೇಸ್ ಎಂಬ ತಾಣ ಸಾಕ್ಷಿ. 2003ರಿಂದ 2015ರವರೆಗೆ ಜನ ಹಾಕಿದ ಸುಮಾರು 5 ಕೋಟಿ ಹಾಡುಗಳು ಸರ್ವರ್ ಬದಲಿಸುವಾಗ ಅಳಿದುಹೋದವೆಂದು 2019ರಲ್ಲಿ ತಿಳಿಯಿತು. ಸಂಶೋಧನೆಗೆಂದು ಯಾರೋ ಮೊದಲೇ ಇಳಿಸಿಟ್ಟುಕೊಂಡಿದ್ದ ಸುಮಾರು 4,90,000 ಹಾಡುಗಳು ಮಾತ್ರ ಆಮೇಲೆ ಆರ್ಕೈವ್‌ಗೆ ಬಂದವು.

ಉಚಿತವಾಗಿ ಬಂದ ಮಿಕ್ಸ್‌ಟೇಪ್ ಮುಂದೆ ಹಣ ಕೊಡುವ ಸ್ಟ್ರೀಮಿಂಗ್‌ಗೆ ಬರುವಾಗ ಸ್ಯಾಂಪಲ್‌ಗಳ ತಕರಾರು ಮತ್ತೆ ಏಳುತ್ತದೆ. ಚಾನ್ಸ್ ದ ರ‍್ಯಾಪರ್ ಅವರ 2013ರ ಮಿಕ್ಸ್‌ಟೇಪ್ 2019ರಲ್ಲಿ ಸ್ಟ್ರೀಮಿಂಗ್‌ಗೆ ಬಂದಾಗ ಒಂದು ಹಾಡಿನ ಜಾಗದಲ್ಲಿ ಅರ್ಧ ನಿಮಿಷದ ಒಂದು ಮಾತು ಮಾತ್ರ ಇತ್ತು. ಮೂಲವನ್ನು ಕೇಳಬೇಕಾದವರು ಹಳೆಯ ಫೈಲಿಗೇ ಹೋಗಬೇಕು.

ಇದು ಅಮೆರಿಕದ ಸಮಸ್ಯೆ ಮಾತ್ರವಲ್ಲ. ಜೀನ್ಸ್ ಹೊಲಿಯುವ ಘಟಕವೊಂದರಲ್ಲಿ ಕೆಲಸ ಮಾಡುತ್ತಿದ್ದ ನಾವು ನಾಲ್ವರು ಗೆಳೆಯರು ರಾತ್ರಿ ಪಾಳಿ ಮುಗಿಸಿ, ಬಟ್ಟೆಯ ಬಂಡಲ್‌ಗಳ ನಡುವೆ ಕೂತು (ಅಲ್ಲಿ ಪ್ರತಿಧ್ವನಿ ಬರುತ್ತಿರಲಿಲ್ಲ) ಫೋನಿನಲ್ಲಿ ಕನ್ನಡ ರ‍್ಯಾಪ್ ಮುದ್ರಿಸಿಕೊಂಡೆವು. ಆರು ಹಾಡುಗಳನ್ನು ಒಂದು ತಾಣಕ್ಕೆ ಹಾಕಿದೆವು. ಆ ತಾಣ ಮುಚ್ಚಿತು, ನಮಗೆ ಒಂದು ಮಾತೂ ತಿಳಿಸಲಿಲ್ಲ. ಫೋನು ಅದಕ್ಕೂ ಮೊದಲೇ ಕೆಟ್ಟಿತ್ತು. ಈಗ ಉಳಿದಿರುವುದು ಎರಡು ಹಾಡು, ಅದೂ ಮೊಬೈಲ್ ಅಂಗಡಿಯವರೊಬ್ಬರು ಮೆಮೊರಿ ಕಾರ್ಡಿಗೆ ಹಾಡು ತುಂಬಿಕೊಡುವಾಗ ತಮ್ಮ ಕಂಪ್ಯೂಟರಿನಲ್ಲಿ ಉಳಿಸಿಕೊಂಡಿದ್ದರಿಂದ. ಫೈಲಿನ ಹೆಸರು ‘ಹೊಸ ಹಾಡು 3’ ಎಂದಿದೆ. ನಮ್ಮ ಹೆಸರಾಗಲಿ ವರ್ಷವಾಗಲಿ ಅದರಲ್ಲಿಲ್ಲ. ಅಕ್ಕಾವ್ರು ವಿವರ ಬೇಕೆಂದು ಹೇಳಿದ್ದು ನನಗೆ ಅದಕ್ಕೇ ನಾಟಿತು.

ಕರಿಕೋಟು (ರಾಯಚೂರು)

ಕಾನೂನಿನ ಮಾತನ್ನು ಯಾರಾದರೂ ಎತ್ತಲೇಬೇಕಿತ್ತು, ನಾನೇ ಎತ್ತುತ್ತೇನೆ. ನಮ್ಮ 1957ರ ಕೃತಿಸ್ವಾಮ್ಯ ಕಾಯ್ದೆಯಂತೆ ಧ್ವನಿಮುದ್ರಣದ ಹಕ್ಕು ಪ್ರಕಟವಾದ ಮುಂದಿನ ವರ್ಷದಿಂದ 60 ವರ್ಷ ಇರುತ್ತದೆ. 1979ರಲ್ಲಿ ಹೊರಬಂದ ರ‍್ಯಾಪ್ ತಟ್ಟೆಗೂ ಲೆಕ್ಕ ಹಾಕಿದರೆ 2039ರ ಕೊನೆಯಾಗುತ್ತದೆ, ಹಾಗಾಗಿ ಹಿಪ್-ಹಾಪ್ ಆಲ್ಬಮ್ ಹಳೆಯದಾಯಿತು, ಹಕ್ಕು ಮುಗಿಯಿತು ಎನ್ನುವಂತಿಲ್ಲ. ಖಾಸಗಿ ಬಳಕೆಗೆ, ಸಂಶೋಧನೆಗೆ ನ್ಯಾಯಯುತವಾಗಿ ಬಳಸಲು 52ನೆಯ ಕಲಮಿನಲ್ಲಿ ಅವಕಾಶವಿದೆ. ಸ್ವಂತ ಕ್ಯಾಸೆಟ್ಟನ್ನು ಕೆಡುವ ಮೊದಲು ಸ್ವಂತಕ್ಕೆ ಇಳಿಸಿಟ್ಟುಕೊಳ್ಳುವುದೂ ಊರಿಗೆಲ್ಲ ಹಂಚುವುದೂ ಒಂದೇ ತಕ್ಕಡಿಯಲ್ಲಿ ತೂಗುವ ಕೆಲಸಗಳಲ್ಲ.

ಹಾಗೆಂದು ಕಾನೂನು ಜಾರಿ ಮಾಡಿದವರು ಯಾವಾಗಲೂ ಸರಿ ನಡೆದರೆಂದೂ ಅಲ್ಲ. 2007ರ ಜನವರಿಯಲ್ಲಿ ಅಟ್ಲಾಂಟಾದಲ್ಲಿ ಡಿಜೆ ಡ್ರಾಮಾ ಅವರ ಕಚೇರಿಗೆ ಪೊಲೀಸರು ನುಗ್ಗಿ ಸುಮಾರು 81,000 ಮಿಕ್ಸ್‌ಟೇಪ್ ಸಿಡಿಗಳನ್ನು ಜಪ್ತಿ ಮಾಡಿದರು, ಆದರೆ ಅಂಥ ಮಿಕ್ಸ್‌ಟೇಪ್‌ಗಳನ್ನು ಪ್ರಚಾರಕ್ಕೆಂದು ಕಂಪನಿಗಳೇ ಬಳಸಿಕೊಳ್ಳುತ್ತಿದ್ದ ಕಾಲ ಅದು. 2010ರ ನವೆಂಬರಿನಲ್ಲಿ ಡಜಾಜ್1 ಎಂಬ ಹಿಪ್-ಹಾಪ್ ತಾಣವನ್ನು ಅಮೆರಿಕದ ಸರ್ಕಾರ ವಶಪಡಿಸಿಕೊಂಡಿತು, ಒಂದು ವರ್ಷ ಇಟ್ಟುಕೊಂಡು, ಯಾವ ಆರೋಪವನ್ನೂ ಹೊರಿಸದೆ 2011ರ ಡಿಸೆಂಬರಿನಲ್ಲಿ ಹಿಂದಿರುಗಿಸಿತು. ನಮ್ಮಲ್ಲಿಯೂ 2017ರ ಆಗಸ್ಟ್‌ನಲ್ಲಿ, ಚಲನಚಿತ್ರಗಳ ನಕಲು ತಡೆಯಲು ಮದ್ರಾಸ್ ಹೈಕೋರ್ಟ್ ಕೊಟ್ಟ ಆದೇಶದ ದೊಡ್ಡ ಪಟ್ಟಿಯಲ್ಲಿ ಸೇರಿ ಇಂಟರ್‌ನೆಟ್ ಆರ್ಕೈವ್ ಕೆಲವು ದಿನ ತೆರೆಯದಾಗಿತ್ತು. 2024ರ ಅಕ್ಟೋಬರಿನಲ್ಲಿ ಅದೇ ಆರ್ಕೈವ್ ಸೈಬರ್ ದಾಳಿಗೆ ಸಿಕ್ಕಿ ಹಲವು ದಿನ ಮುಚ್ಚಿತ್ತು. ಒಂದೇ ಮನೆಯಲ್ಲಿ ಎಲ್ಲ ಬೀಜವನ್ನೂ ಇಡುವ ರೈತರು ನಮ್ಮ ಕಡೆ ಇಲ್ಲ, ದಾಖಲೆಗೂ ಅದೇ ಜಾಣತನ ಬೇಕು.

ನನ್ನ ಸಲಹೆ: ಧ್ವನಿಯನ್ನು ಎಲ್ಲಿಯೂ ಹಾಕಬೇಡಿ. ವಿವರ ಮತ್ತು ಕವರಿನ ಚಿತ್ರವನ್ನು ವಿವರ ಕಾಯುವ ತಾಣಕ್ಕೆ ಕೊಡಿ, ಧ್ವನಿಯ ಪ್ರತಿಯನ್ನು ಎರಡು ಬೇರೆ ಊರುಗಳಲ್ಲಿ ಇಡಿ. ಬಳ್ಳಾರಿಯ ತಮ್ಮನ ಮಾತು ಬೇರೆ, ಆ ಹಾಡುಗಳ ಹಕ್ಕು ಅವರದೇ. ನಾಳೆಯೇ ಹೆಸರು, ವರ್ಷ, ಹಾಡಿದವರ ವಿವರ ಬರೆದು ಎಲ್ಲರಿಗೂ ಸಿಗುವಂತೆ ಹಾಕಲಿ.

ಗೋರೆಬಾಳ ಕ್ಯಾಂಪ್ (ಸಿಂಧನೂರು)

ಅಕ್ಕಾವ್ರ ಉತ್ತರವನ್ನು ಎರಡು ದಿನ ಯೋಚಿಸಿದೆ. ಪಾಠಾಂತರದ ಮಾತನ್ನು ಒಪ್ಪಿದೆ. ಆದರೂ ಒಂದು ಜಾಗದಲ್ಲಿ ನನ್ನ ಆಕ್ಷೇಪ ಹಾಗೇ ಇದೆ. 2001ರಲ್ಲಿ ದ ಕೂಪ್ ತಂಡ ತನ್ನ ಆಲ್ಬಮ್‌ಗೆ ನ್ಯೂಯಾರ್ಕಿನ ಅವಳಿ ಕಟ್ಟಡಗಳು ಸಿಡಿಯುವ ಚಿತ್ರವನ್ನು ಕವರಾಗಿ ಮಾಡಿಸಿಕೊಂಡಿತ್ತು, ಅದೂ ಸೆಪ್ಟೆಂಬರ್ ದಾಳಿಗೆ ಕೆಲವು ತಿಂಗಳ ಮೊದಲೇ. ದಾಳಿಯ ನಂತರ ಅದನ್ನು ಹಿಂದಕ್ಕೆ ಪಡೆದು ಬೇರೆ ಕವರಿನಲ್ಲಿ ಆಲ್ಬಮ್ ತಂದರು. ಸತ್ತವರ ಮನೆಯವರನ್ನು ನೋಯಿಸಬಲ್ಲ, ಹಿಂದಕ್ಕೆ ಪಡೆದ ಚಿತ್ರವನ್ನು ಅಪರೂಪದ ವಸ್ತುವೆಂದು ಮೆರೆಸುವುದು ನನಗೆ ಈಗಲೂ ಸರಿ ಕಾಣುವುದಿಲ್ಲ.

ಓಲೆಗರಿ (ಕೊಪ್ಪಳ)

ಮೆರೆಸುವುದು ಬೇಡ, ಆ ಮಾತಿಗೆ ನನ್ನ ಒಪ್ಪಿಗೆಯಿದೆ. ಗ್ರಂಥಾಲಯಗಳಲ್ಲಿ ಕೇಳಿದವರಿಗೆ ಮಾತ್ರ ತೆಗೆದುಕೊಡುವ ಕಪಾಟುಗಳಿರುತ್ತವೆ. ಆನ್‌ಲೈನ್ ಸಂಗ್ರಹಗಳು ಈ ಕಪಾಟನ್ನು ಇನ್ನೂ ಸರಿಯಾಗಿ ಕಟ್ಟಿಕೊಂಡಿಲ್ಲ ಎಂಬುದು ನನ್ನ ಅಭಿಪ್ರಾಯ. ಅಲ್ಲಿ ಬಹುಪಾಲು ಒಂದೋ ಎಲ್ಲರಿಗೂ ತೆರೆದಿರುತ್ತದೆ, ಇಲ್ಲವೇ ತೆಗೆದುಹಾಕಲಾಗಿರುತ್ತದೆ.

ಮಾವಿನಕೆರೆ ದಂಡೆ (ರಾಯಚೂರು)

ಭಾನುವಾರ ಕ್ಯಾಸೆಟ್ಟುಗಳನ್ನು ಗಂಗಾವತಿಗೆ ಒಯ್ದಿದ್ದೆ. ಡೆಕ್ ಸರ್ ಅರ್ಧ ದಿನ ಕೂತು ಡಬ್ಬಿ ಬದಲಿಸಿ, ಹೆಡ್ಡಿನ ಓರೆ ಸರಿಮಾಡಿ, ಎರಡೂ ಬದಿಗಳನ್ನು ಇಳಿಸಿಕೊಟ್ಟರು. ಚಹಾದ ಹೊರತು ಏನನ್ನೂ ತೆಗೆದುಕೊಳ್ಳಲಿಲ್ಲ. ಒಂದು ಪ್ರತಿ ಅವರ ಬಳಿ, ಒಂದು ನನ್ನ ಬಳಿ ಇದೆ. ಎ ಬದಿ 27 ನಿಮಿಷ 40 ಸೆಕೆಂಡು, ಬಿ ಬದಿ 28 ನಿಮಿಷ 5 ಸೆಕೆಂಡು. ಕಹಳೆಯ ಸ್ವರವಿರುವ ಹಾಡು 4 ನಿಮಿಷ 12 ಸೆಕೆಂಡು ಇದೆ. ಆಲ್ಬಮ್‌ನ ಹೆಸರನ್ನು ಕೌಲ್ ಬಜಾರ್ ಸರ್‌ಗೆ ಪ್ರತ್ಯೇಕವಾಗಿ ಬರೆದು ತಿಳಿಸಿದ್ದೇನೆ. ವಿವರದ ಪುಟದಲ್ಲಿ ಭಾರತದ ಕ್ಯಾಸೆಟ್ ಮುದ್ರಣ ಇರಲಿಲ್ಲ, ನಿನ್ನೆ ರಾತ್ರಿ ಒಳಹಾಳೆಯ ಎಲ್ಲ ಮಡಿಕೆಗಳ ಚಿತ್ರದೊಂದಿಗೆ ಸೇರಿಸಿದೆ. ಅಣ್ಣನ ಸಹಿಯಿರುವ ಮಡಿಕೆಯನ್ನೂ ಮುಚ್ಚದೆ ಹಾಗೇ ಹಾಕಿದ್ದೇನೆ, ಕೊಂಡ ತಾರೀಖು ಅಲ್ಲೇ ಇದೆ.

ಕೌಲ್ ಬಜಾರ್ ಕೇಳುಗ (ಬಳ್ಳಾರಿ)

ಸರ್, ನಿಮ್ಮ ಚಿತ್ರಗಳನ್ನು ನೋಡಿ ನನ್ನ ಕಪಾಟು ಹುಡುಕಿದೆ. ಅದೇ ಆಲ್ಬಮ್‌ನ ಭಾರತೀಯ ಕ್ಯಾಸೆಟ್ ನನ್ನ ಬಳಿಯೂ ಇದೆ, ಕ್ರಮಸಂಖ್ಯೆಯೂ ಅದೇ. ಆದರೆ ನನ್ನ ಡಬ್ಬಿ ಪಾರದರ್ಶಕ, ಅಚ್ಚು ಕಪ್ಪು ಮಸಿಯದು, ಒಳಹಾಳೆಯಲ್ಲಿ ಬೆಲೆ ಹತ್ತು ರೂಪಾಯಿ ಹೆಚ್ಚು. ಬಿ ಬದಿಯ ಮೂರನೆಯ ಹಾಡನ್ನು ಗಡಿಯಾರ ಹಿಡಿದು ಮೂರು ಸಲ ಅಳೆದೆ, 3 ನಿಮಿಷ 58 ಸೆಕೆಂಡು ಬಂತು. ಕಹಳೆ ಇದೆ, ಆದರೆ ಕೊನೆಯಲ್ಲಿ ಅದು ಬೇಗ ಕರಗಿಹೋಗುತ್ತದೆ. ನನ್ನ ಡೆಕ್ಕಿನ ವೇಗವೇ ಹೆಚ್ಚಿರಬಹುದು, ಇಲ್ಲವೇ ಇದು ಮೂರನೆಯದೇ ಒಂದು ಪಾಠವಿರಬಹುದು. ಎರಡನ್ನೂ ಒಂದೇ ಡೆಕ್ಕಿನಲ್ಲಿ ಹಾಕಿ ನೋಡದೆ ಹೇಳುವಂತಿಲ್ಲ. ಡೆಕ್ ಸರ್ ಒಪ್ಪಿದರೆ ಬರುವ ಭಾನುವಾರ ಬೆಳಗಿನ ಬಸ್ಸಿಗೆ ಗಂಗಾವತಿಗೆ ಬರುತ್ತೇನೆ, ನೀವೂ ನಿಮ್ಮದನ್ನು ತನ್ನಿ.

ಹಳೇ ಡೆಕ್ (ಗಂಗಾವತಿ)

ಬನ್ನಿ. ಬಿಸಿಲೇರುವ ಮೊದಲೇ ಬನ್ನಿ, ಕ್ಯಾಸೆಟ್ಟನ್ನು ಬಸ್ಸಿನ ಕಿಟಕಿಯ ಬದಿ ಇಡಬೇಡಿ. ಬೆಲ್ಟು ಹೊಸದು ಹಾಕಿ ವೇಗ ಅಳೆದು ಇಟ್ಟಿರುತ್ತೇನೆ.